ದೋಣಿ ಆಟದ ಒಂದು ನಿಮಿಷ

೨೦೧೯ರ ಮಾರ್ಚ್ ೧೭, ಭಾನುವಾರ, ಬೆಳಿಗ್ಗೆ ಹತ್ತು ಗಂಟೆ ಇಪ್ಪತ್ತು ನಿಮಿಷಕ್ಕೆ ಅವಳು ಹಳೆಯ ಲ್ಯಾಪ್‌ಟಾಪನ್ನು ಊಟದ ಮೇಜಿನ ಮೇಲೆ ಬೋರಲು ಹಾಕಿ ತಳದ ಮುಚ್ಚಳದ ಕೊನೆಯ ತಿರುಪನ್ನು ಬಿಚ್ಚಿದಳು. ಗಂಡ ಕ್ಷೌರಕ್ಕೆ ಹೋಗಿದ್ದ. ಭಾನುವಾರದ ಸರದಿಯಲ್ಲಿ ಅವನು ಮನೆಗೆ ಮರಳಲು ಒಂದು ಗಂಟೆಯಾದರೂ ಬೇಕಿತ್ತು. ಒಳಗಿನ ಪುಟ್ಟ ಫ್ಯಾನಿನ ಬಾಯಿಗೆ ಬೂದು ಬಣ್ಣದ ದೂಳು ಕಂಬಳಿಯ ತುಂಡಿನಂತೆ ಗಟ್ಟಿಯಾಗಿ ಕೂತಿತ್ತು. ಚಿಮಟದಿಂದ ಎಳೆದಾಗ ಒಂದೇ ತುಂಡಾಗಿ ಬಂತು. ಅದನ್ನು ಹಳೆಯ ಪತ್ರಿಕೆಯಲ್ಲಿ ಸುತ್ತಿ ಕಸದ ಬುಟ್ಟಿಗೆ ಹಾಕಿದಳು. ಮೃದುವಾದ ಕುಂಚದಿಂದ ಫ್ಯಾನಿನ ಒಂದೊಂದು ಎಸಳನ್ನೂ ಒರೆಸಿ ಮುಚ್ಚಳ ಮುಚ್ಚಿದಳು.

ಹಾಗೆ ಮಾಡಲು ಅವಳಿಗೆ ಕಾರಣವಿತ್ತು. ಹಿಂದಿನ ದಿನ ಗಂಡನ ಎಡತೊಡೆಯ ಮೇಲೆ ಅಂಗೈಯಗಲದ ಕೆಂಪು ಕಲೆ ಕಂಡಿತ್ತು. ಲ್ಯಾಪ್‌ಟಾಪಿನ ಬಿಸಿ ಚರ್ಮವನ್ನು ಸುಡುತ್ತಿದ್ದರೂ ಅವನಿಗೆ ಗೊತ್ತಾಗಿರಲಿಲ್ಲ. ಆ ಕಡೆಯ ಚರ್ಮದಲ್ಲಿ ಸ್ಪರ್ಶ ಇನ್ನೂ ಪೂರ್ತಿ ಮರಳಿರಲಿಲ್ಲ.

ಅವನು ಉಕ್ಕಿನ ಹಾಳೆಗಳ ದೊಡ್ಡ ಗೋದಾಮಿನಲ್ಲಿ ಕ್ರೇನ್ ಓಡಿಸುವವನು. ಸೂರಿಗೆ ಅಂಟಿದಂತಿರುವ ಗಾಜಿನ ಗೂಡಿನಲ್ಲಿ ಕೂತು, ಹಳಿಗಳ ಮೇಲೆ ಇಡೀ ಕ್ರೇನನ್ನು ಹಿಂದೆ ಮುಂದೆ ಸರಿಸುತ್ತ, ಕೆಳಗಿನವರ ಕೈಸನ್ನೆ ನೋಡಿ ಹೊರೆ ಎತ್ತುವ ಇಳಿಸುವ ಕೆಲಸ. ಎತ್ತರದಿಂದ ಅವನ ಕಣ್ಣಿಗೆ ಬೀಳದ್ದು ಏನೂ ಇರಲಿಲ್ಲವಾದ್ದರಿಂದ ಅಲ್ಲಿನವರು ಅವನನ್ನು ಹದ್ದು ಎಂದೇ ಕರೆಯುತ್ತಿದ್ದರು. ಹಿಂದಿನ ಜುಲೈಯಲ್ಲಿ, ತಿಂಡಿ ತಿನ್ನುತ್ತಿದ್ದಾಗ, ಹದ್ದಿನ ಎಡಗೈಯಿಂದ ಲೋಟ ಜಾರಿತು. ಜಾರಿದ್ದು ಅವನಿಗೇ ತಿಳಿಯಲಿಲ್ಲ. ಆಸ್ಪತ್ರೆಯವರು ಸಣ್ಣ ಪಾರ್ಶ್ವವಾಯು ಎಂದರು, ಬೇಗ ಕರೆತಂದದ್ದು ಪುಣ್ಯ ಎಂದರು. ಮಾತು ಎರಡು ದಿನದಲ್ಲಿ ಮರಳಿತು, ನಡಿಗೆ ಎರಡು ತಿಂಗಳಲ್ಲಿ. ಎಡಗೈ ಮಾತ್ರ ಕರೆದರೆ ಬರುತ್ತಿತ್ತು, ಆದರೆ ಯೋಚಿಸಿ ಬರುತ್ತಿತ್ತು.

ಬೆರಳುಗಳಿಗೆ ವ್ಯಾಯಾಮ ಕಲಿಸಲು ಬರುತ್ತಿದ್ದ ಹೆಂಗಸು, ಕೀಲಿ ಒತ್ತುವ ಯಾವುದಾದರೂ ಆಟ ಆಡಿಸಿ ಎಂದಿದ್ದಳು. ಹೆಂಡತಿಯ ತಮ್ಮ ತನ್ನ ಹಳೆಯ ಲ್ಯಾಪ್‌ಟಾಪ್ ತಂದುಕೊಟ್ಟ. ಅದರಲ್ಲಿದ್ದ ಆಟ ಬಹಳ ಹಳೆಯದು. ಇಕ್ಕಟ್ಟಾದ ಕಣಿವೆಯಲ್ಲಿ ಹರಿಯುವ ನದಿ, ಅದರಲ್ಲೊಂದು ದೋಣಿ. ಎಡಗೈಯ ಕೀಲಿ ಒತ್ತಿದರೆ ದೋಣಿ ಎಡಕ್ಕೆ, ಬಲಗೈಯದು ಒತ್ತಿದರೆ ಬಲಕ್ಕೆ. ಬಂಡೆಗೆ ತಾಗದೆ ಒಂದು ನಿಮಿಷ ಸಾಗಿದರೆ ಕಣಿವೆ ದಾಟಿದಂತೆ. ಪರದೆಯ ಮೂಲೆಯಲ್ಲಿ ಅರವತ್ತರಿಂದ ಸೊನ್ನೆಗೆ ಅಂಕಿ ಇಳಿಯುತ್ತಿತ್ತು. ಸ್ಪೀಕರ್ ಯಾವತ್ತೋ ಸತ್ತಿದ್ದರಿಂದ ನದಿಗೆ ಸದ್ದಿರಲಿಲ್ಲ.

ಇಂಟರ್ನೆಟ್ಟಿಗೆ ಸೇರಿಸಿದರೆ ಎಲ್ಲೆಲ್ಲಿಯವರೋ ಪಕ್ಕದ ದೋಣಿಗಳಲ್ಲಿ ಬಂದು ಪೈಪೋಟಿಗೆ ನಿಲ್ಲುತ್ತಿದ್ದರು. ತಮ್ಮ ಒಮ್ಮೆ ತನ್ನ ಫೋನಿನಿಂದ ಸಂಪರ್ಕ ಕೊಟ್ಟಿದ್ದ. ಗುರುತಿಲ್ಲದ ಯಾರದೋ ದೋಣಿ ಹದ್ದಿನ ದೋಣಿಯನ್ನು ಹಿಂದಿಕ್ಕಿ, ಮುಂದೆ ಹೋಗಿ, ಬೇಕೆಂದೇ ನಿಂತು, ಒಂದು ಸುತ್ತು ತಿರುಗಿ, ಮತ್ತೆ ಹೋಗಿತ್ತು. ಹದ್ದು ಅವತ್ತೇ ಸಂಪರ್ಕ ತೆಗೆಸಿದ. ತನಗೂ ನದಿಗೂ ನಡುವೆ ಮೂರನೆಯವರು ಬೇಡ ಎಂದ. ಆಮೇಲೆ ಆ ಯಂತ್ರ ಹೊರಗಿನ ಲೋಕದೊಂದಿಗೆ ಒಂದು ಮಾತೂ ಆಡಿರಲಿಲ್ಲ.

ಮೊದಮೊದಲು ದೋಣಿ ಎರಡನೇ ತಿರುವಿನಲ್ಲೇ ಒಡೆಯುತ್ತಿತ್ತು. ಡಿಸೆಂಬರ್ ಹೊತ್ತಿಗೆ ಅರ್ಧ ಕಣಿವೆ ದಾಟಿತು. ಫೆಬ್ರವರಿ ಕೊನೆಯಲ್ಲಿ ಒಂದು ಸಂಜೆ ಅಂಕಿ ಸೊನ್ನೆ ಮುಟ್ಟಿ ದೋಣಿ ಬಯಲಿಗೆ ಬಂತು. ತಮ್ಮ ಪಕ್ಕದಲ್ಲೇ ನಿಂತು ಅದನ್ನು ಫೋನಿನಲ್ಲಿ ವಿಡಿಯೊ ಮಾಡಿಕೊಂಡು, ಭಾವನ ಎಡಗೈ ಹೇಗೆ ಓಡುತ್ತಿದೆ ನೋಡಿ ಎಂದು ಗೋದಾಮಿನ ಮೇಸ್ತ್ರಿಗೆ ಕಳಿಸಿದ. ಮೇಸ್ತ್ರಿ ಅದನ್ನು ಮೇಲಿನವರಿಗೆ ತೋರಿಸಿದ. ಕಂಪನಿಯ ವೈದ್ಯರು ಕಣ್ಣು, ರಕ್ತದೊತ್ತಡ, ಹಿಡಿತ ನೋಡಿ ಆಗಲೇ ಒಪ್ಪಿದ್ದರು. ಉಳಿದದ್ದು ಕ್ರೇನಿನ ಮೇಲಿನ ಪರೀಕ್ಷೆ. ಅದು ಮುಂದಿನ ಶನಿವಾರಕ್ಕೆ ನಿಗದಿಯಾಗಿತ್ತು. ಗೆದ್ದರೆ ಮತ್ತೆ ಗಾಜಿನ ಗೂಡು. ಇಲ್ಲವಾದರೆ ಗೇಟಿನ ಬಳಿ ಕುರ್ಚಿ ಹಾಕಿಕೊಂಡು ಲಾರಿಗಳ ನಂಬರ್ ಬರೆಯುವ ಕೆಲಸ. ಹದ್ದು ಆ ಕುರ್ಚಿಯ ಹೆಸರನ್ನೇ ಎತ್ತುತ್ತಿರಲಿಲ್ಲ. ಕ್ಷೌರಕ್ಕೆ ಹೋದದ್ದೂ ಶನಿವಾರಕ್ಕೆಂದೇ.

ಅವನು ಬಂದಾಗ ಲ್ಯಾಪ್‌ಟಾಪ್ ಕಿಟಕಿಯ ಬಳಿ ಸಿದ್ಧವಾಗಿತ್ತು. ಫ್ಯಾನಿನ ಸದ್ದೇ ಇಲ್ಲವಲ್ಲ, ತಣ್ಣಗಿದೆಯಲ್ಲ ಎಂದು ಖುಷಿಪಟ್ಟು ಆಟ ತೆರೆದ. ದೋಣಿ ಮೂರನೇ ತಿರುವಿನಲ್ಲಿ ಬಂಡೆಗೆ ಬಡಿಯಿತು. ನಕ್ಕ. ಕೈ ಒರೆಸಿಕೊಂಡು ಮತ್ತೆ ಆಡಿದ. ಈ ಸಲ ಎರಡನೇ ತಿರುವು. ಹತ್ತು ಹನ್ನೆರಡು ಸಲ ಆಡಿದ ಮೇಲೆ ಅವನ ಕುತ್ತಿಗೆಯ ಹಿಂದೆ, ಹೊಸದಾಗಿ ಕೂದಲು ತೆಗೆದ ಕಡೆ, ಬೆವರು ಕಂಡಿತು.

"ನದಿ ಓಡ್ತಿದೆ. ಆಸ್ಪತ್ರೆಯಿಂದ ಬಂದ ಹೊಸದರಲ್ಲಿ ಹೀಗೇ ಕಾಣ್ತಿತ್ತು" ಎಂದ ಹದ್ದು.

ಅದು ನಿಜ. ಆ ದಿನಗಳಲ್ಲಿ ಬೀದಿಯ ವಾಹನ, ಟಿವಿಯ ಮಾತು, ನಲ್ಲಿಯ ನೀರು ಎಲ್ಲವೂ ತನಗಿಂತ ವೇಗವಾಗಿ ಹೋಗುತ್ತಿವೆ ಎನ್ನುತ್ತಿದ್ದ. ಅವಳು ಒಲೆ ಆರಿಸಿ ಬಂದು ಅವನೆದುರು ಕೂತಳು. ಆಸ್ಪತ್ರೆಯವರು ಹೇಳಿಕೊಟ್ಟಿದ್ದ ಕ್ರಮದಲ್ಲೇ ನಗಲು ಹೇಳಿದಳು. ನಕ್ಕ. ತುಟಿಯ ಎರಡೂ ತುದಿ ಒಂದೇ ಮಟ್ಟದಲ್ಲಿದ್ದವು. ಎರಡೂ ಕೈ ಎತ್ತಿಸಿ, ಕಣ್ಣು ಮುಚ್ಚಿಸಿ, ಎಡಗೈ ಇಳಿಯುತ್ತದೆಯೇ ಎಂದು ಕಾದಳು. ಇಳಿಯಲಿಲ್ಲ. ಕೊನೆಗೆ ಒಂದು ಉದ್ದನೆಯ ವಾಕ್ಯ ಹೇಳಿ ಎಂದಳು.

"ಕಟ್ಟಿಕೊಂಡ ಹೆಂಡತಿ ಗಂಡನನ್ನು ಹಾಡುಹಗಲೇ ತಕ್ಕಡಿಯಲ್ಲಿ ಕೂರಿಸಿ ತೂಗುತ್ತಿದ್ದಾಳೆ" ಎಂದ ಅವನು. ಒಂದಕ್ಷರವೂ ತೊದಲಲಿಲ್ಲ.

ಇಬ್ಬರೂ ನಕ್ಕರು. ಆದರೆ ಊಟವಾದ ಮೇಲೆ ಆಡಿದಾಗ ದೋಣಿ ಮೊದಲ ತಿರುವನ್ನೂ ದಾಟಲಿಲ್ಲ. ಆಗ ಅವನು ಲ್ಯಾಪ್‌ಟಾಪ್ ಮುಚ್ಚಿ, ಗೋಡೆಯ ಕಡೆ ಮುಖ ಮಾಡಿ ಮಲಗಿದ. ಮತ್ತೆ ಬಂದಿದೆ ಕಣೇ, ಈ ಸಲ ಸದ್ದಿಲ್ಲದೆ ಬಂದಿದೆ ಎಂದು ಗೋಡೆಗೆ ಹೇಳಿದ. ಶನಿವಾರ ಬರುವುದಿಲ್ಲ ಎಂದು ಮೇಸ್ತ್ರಿಗೆ ತಿಳಿಸಲು ಹೇಳಿದ. ನಾಳೆ ತಲೆಯ ಸ್ಕ್ಯಾನ್ ಮಾಡಿಸೋಣವೇ ಎಂದು ಅವನೇ ಕೇಳಿದ. ಆಸ್ಪತ್ರೆ ಎಂದರೆ ಮಾರು ದೂರ ಓಡುವ ಮನುಷ್ಯ ಹಾಗೆ ಕೇಳಿದ್ದು ಅವಳ ಎದೆಗೆ ನಾಟಿತು.

ಅವಳ ಕೆಲಸ ಮಾಪನ ಪ್ರಯೋಗಾಲಯದಲ್ಲಿ. ಬೇರೆ ಬೇರೆ ಕಾರ್ಖಾನೆಗಳಿಂದ ತೂಕದ ಬಟ್ಟುಗಳು, ಥರ್ಮಾಮೀಟರ್‌ಗಳು, ಒತ್ತಡದ ಮಾಪಕಗಳು, ಸ್ಟಾಪ್‌ವಾಚ್‌ಗಳು ಬರುತ್ತವೆ. ಅವನ್ನು ಪ್ರಮಾಣಿತ ಉಪಕರಣದೊಂದಿಗೆ ಹೋಲಿಸಿ ಎಷ್ಟು ತಪ್ಪಿದೆ ಎಂದು ಹೇಳುವುದು ಅವಳ ಪಾಲಿನ ಕೆಲಸ. ಯಾವ ಉಪಕರಣಕ್ಕೂ ತನ್ನ ತಪ್ಪು ತನಗೆ ಗೊತ್ತಾಗುವುದಿಲ್ಲ, ಅದಕ್ಕೊಂದು ಎರಡನೆಯದು ಬೇಕು ಎಂಬುದು ಅಲ್ಲಿಗೆ ಸೇರಿದ ಮೊದಲ ವಾರದಲ್ಲೇ ಕಲಿಯುವ ಮಾತು. ಆದರೂ ಭಾನುವಾರ ಸಂಜೆ ನಾಲ್ಕರವರೆಗೆ ಆ ಮಾತು ಅವಳ ತಲೆಗೆ ಬರಲಿಲ್ಲ. ಬಂದಾಗ ಅವಳು ಅಡುಗೆಮನೆಯ ಗೋಡೆ ಗಡಿಯಾರವನ್ನು ಇಳಿಸಿ ತಂದು ಲ್ಯಾಪ್‌ಟಾಪಿನ ಪಕ್ಕ ಇಟ್ಟಳು. ಆಟ ಶುರುಮಾಡಿ, ದೋಣಿಯನ್ನು ದಡಕ್ಕೆ ಒರಗಿಸಿ ನಿಲ್ಲಿಸಿ, ಮೂಲೆಯ ಅಂಕಿಯನ್ನೂ ಗಡಿಯಾರದ ಮುಳ್ಳನ್ನೂ ಒಟ್ಟಿಗೆ ನೋಡಿದಳು. ಆಟದ ಒಂದು ನಿಮಿಷಕ್ಕೆ ಗಡಿಯಾರದ ಒಂದು ನಿಮಿಷ. ಯಂತ್ರ ಸರಿಯಾಗಿತ್ತು. ಸರಿಯಾಗಿದ್ದದ್ದೇ ಅವಳನ್ನು ಹೆದರಿಸಿತು.

ತಮ್ಮ ಕಳಿಸಿದ್ದ ಫೆಬ್ರವರಿಯ ವಿಡಿಯೊ ಅವಳ ಫೋನಿನಲ್ಲೂ ಇತ್ತು. ಫೋನಿಗೆ ಅದರದೇ ಕಾಲವಿದೆ. ಲ್ಯಾಪ್‌ಟಾಪಿನ ಬಿಸಿ ಅದಕ್ಕೆ ತಟ್ಟುವುದಿಲ್ಲ. ವಿಡಿಯೊ ಹಾಕಿ ಮತ್ತೆ ಗಡಿಯಾರ ನೋಡಿದಳು. ಪರದೆಯ ಅಂಕಿ ಅರವತ್ತರಿಂದ ಸೊನ್ನೆಗೆ ಇಳಿಯುವಷ್ಟರಲ್ಲಿ ಗಡಿಯಾರದಲ್ಲಿ ಎಂಬತ್ತನಾಲ್ಕು ಸೆಕೆಂಡು ಕಳೆದಿತ್ತು. ಪ್ರಯೋಗಾಲಯದ ಅಭ್ಯಾಸದಂತೆ ಮೂರು ಸಲ ನೋಡಿದಳು. ಡಿಸೆಂಬರಿನ ಇನ್ನೊಂದು ವಿಡಿಯೊ ಇತ್ತು. ಅದರಲ್ಲಿ ದೋಣಿ ಅರ್ಧದಲ್ಲಿ ಒಡೆಯುತ್ತದೆ. ಆ ಮೂವತ್ತಕ್ಕೆ ಮೂವತ್ತೈದು ಹಿಡಿದಿತ್ತು.

ಹೊಸ ಆಟಗಳು ಗಡಿಯಾರ ನೋಡಿ ನಡೆಯುತ್ತವೆ. ಈ ಹಳೆಯದು ಯಂತ್ರದ ಹೆಜ್ಜೆ ಎಣಿಸಿಕೊಂಡು ನಡೆಯುವಂಥದ್ದು. ದೂಳು ತುಂಬಿದಂತೆ ಒಳಗಿನ ಬಿಸಿ ಏರಿದೆ. ಬಿಸಿ ಏರಿದಂತೆ ಯಂತ್ರ ಸುಟ್ಟುಹೋಗದಿರಲು ತಾನೇ ಹೆಜ್ಜೆ ನಿಧಾನ ಮಾಡಿಕೊಂಡಿದೆ. ನದಿ ತಿಂಗಳಿಂದ ತಿಂಗಳಿಗೆ, ಕಣ್ಣಿಗೆ ಕಾಣದಷ್ಟು ಮೆಲ್ಲಗೆ, ನಿಧಾನವಾಗಿದೆ. ಯಂತ್ರದ ಕಾಯಿಲೆ ಹೆಚ್ಚಿದಂತೆಲ್ಲ ಗಂಡ ತಾನು ಗುಣವಾಗುತ್ತಿದ್ದೇನೆ ಎಂದುಕೊಂಡಿದ್ದಾನೆ. ಬೇರೆಯವರ ದೋಣಿಗಳು ಜೊತೆಗಿದ್ದರೆ ಮೊದಲ ವಾರದಲ್ಲೇ ಗೊತ್ತಾಗಿಬಿಡುತ್ತಿತ್ತು. ಒಬ್ಬನೇ ಆಡುವವನಿಗೆ ಹೇಳುವವರು ಯಾರು?

ಹೇಳದಿದ್ದರೆ ತಲೆಯಲ್ಲಿ ಮತ್ತೊಮ್ಮೆ ರಕ್ತ ಹೆಪ್ಪುಗಟ್ಟಿದೆ ಎಂದು ಅವನು ಹೆದರಿ ಕೂರುತ್ತಾನೆ. ಹೇಳಿದರೆ ಎಂಟು ತಿಂಗಳ ಗುಣವನ್ನು ಅವನ ಕೈಯಿಂದ ಕಿತ್ತುಕೊಂಡಂತೆ. ಬಿಸಿ ತುಪ್ಪ. ನುಂಗಲಾರಳು, ಉಗುಳಲಾರಳು.

ಸೋಮವಾರ ಸ್ಕ್ಯಾನ್ ಆಯಿತು. ಹೊಸದೇನೂ ಇಲ್ಲ ಎಂದರು. ಹದ್ದು ಅದನ್ನು ನಂಬಲಿಲ್ಲ, ಯಂತ್ರಕ್ಕೆ ಕಾಣದ್ದು ನನಗೆ ಕಾಣುತ್ತಿದೆ ಎಂದ. ಸಂಜೆ ಅವಳು ಗೋದಾಮಿನ ಗೇಟಿನ ಎದುರಿನ ಚಹಾದ ಅಂಗಡಿಗೆ ತಮ್ಮನನ್ನು ಕರೆದಳು. ಹೊರೆಗೆ ಸರಪಳಿ ಕಟ್ಟಿ, ಸೀಟಿ ಊದಿ, ಕ್ರೇನಿನವನಿಗೆ ಕೈಸನ್ನೆ ಕೊಡುವುದು ಅವನ ಕೆಲಸ. ಅದಕ್ಕೇ ಅವನಿಗೆ ಸೀಟಿ ಎಂದು ಹೆಸರು. ವರ್ಷಗಟ್ಟಲೆ ಭಾವ ಮೇಲೆ, ಅವನು ಕೆಳಗೆ.

ಎಲ್ಲವನ್ನೂ ಕೇಳಿ ಸೀಟಿ ಲೋಟವನ್ನು ಬೆಂಚಿನ ಮೇಲಿಟ್ಟ.

"ಆ ದೂಳು ಎಸೆದುಬಿಟ್ಯಾ ಅಕ್ಕ?"

"ಹೂಂ."

"ಹೋಗ್ಲಿ ಬಿಡು. ನಮ್ಮನೇಲಿ ಬೇಕಾದಷ್ಟಿದೆ, ತಂದ್ಕೊಡ್ತೀನಿ."

ಅವಳು ನಗಲಿಲ್ಲ. ಅವನೂ ತಮಾಷೆಗೆ ಹೇಳಿರಲಿಲ್ಲ. ಫ್ಯಾನಿನ ಬಾಯಿಗೆ ಸ್ವಲ್ಪ ಹತ್ತಿ ತುರುಕು, ನದಿ ಮತ್ತೆ ನಿಧಾನವಾಗುತ್ತದೆ, ಭಾವ ಎರಡು ದಿನ ಗೆಲ್ಲಲಿ, ಆ ಧೈರ್ಯದಲ್ಲಿ ಶನಿವಾರ ಮೇಲೆ ಹತ್ತಲಿ ಎಂದ. ಧೈರ್ಯವಿದ್ದರೆ ಕೈ ತಾನಾಗಿ ಬರುತ್ತದೆ, ಹದಿನೆಂಟು ವರ್ಷದ ಕೈ ಅದು, ಮೇಸ್ತ್ರಿಯೂ ನಮ್ಮವನೇ, ಕೂದಲು ಸೀಳುವವನಲ್ಲ ಎಂದ. ಆಮೇಲೆ ಈಗ ಕ್ರೇನ್ ಓಡಿಸುತ್ತಿರುವ ಹೊಸಬನ ಮಾತು ತೆಗೆದ. ಆ ಹುಡುಗ ಹೊರೆಯನ್ನು ತೊಟ್ಟಿಲಿನಂತೆ ತೂಗುತ್ತಾನಂತೆ. ಕೆಳಗೆ ನಿಂತವನಿಗೆ ಜೋಗುಳ ಹಾಡಿ ಶಾಶ್ವತವಾಗಿ ಮಲಗಿಸುವುದೊಂದು ಬಾಕಿಯಂತೆ.

"ಅವನ ಚುರುಕು ಕೈಗಿಂತ ಭಾವನ ನಿಧಾನದ ಕೈ ಮೇಲು ಅಕ್ಕ. ಕೆಳಗೆ ನಿಲ್ಲೋನು ನಾನು. ನಾನೇ ಒಪ್ತಿದ್ದೀನಲ್ಲ?"

"ನೀನು ಒಪ್ತಿರೋದು ಹಳೆ ಕೈನ ಕಣೋ. ಅದು ಜುಲೈಯಲ್ಲೇ ಹೋಯ್ತು."

"ಸ್ವಲ್ಪಾನೂ ಬಂದಿಲ್ವಾ?"

ಬಂದಿದೆ, ಆದರೆ ಎಷ್ಟು ಎಂದು ಗೊತ್ತಿಲ್ಲ, ಗೊತ್ತುಮಾಡುವ ಉಪಕರಣವೇ ಸುಳ್ಳಾಗಿತ್ತು ಎಂದಳು. ನೀನು ಜೊತೆಗಿಲ್ಲದ ದಿನ ಬೇರೆ ಯಾರೋ ಕೆಳಗೆ ನಿಲ್ಲುತ್ತಾರೆ, ಅವರನ್ನು ಯಾರು ಒಪ್ಪಿಸುತ್ತಾರೆ ಎಂದೂ ಕೇಳಿದಳು. ಸೀಟಿ ಎದ್ದು ನಿಂತು, ನೀನು ನಿನ್ನ ತೂಕದ ಬಟ್ಟುಗಳನ್ನ ಅಳೆಯೋ ಹಾಗೆ ಭಾವನನ್ನ ಅಳೆಯಬೇಡ ಅಕ್ಕ, ಅವರು ಕಬ್ಬಿಣ ಅಲ್ಲ ಎಂದು ಹೇಳಿ, ಅವಳ ಚಹಾದ ದುಡ್ಡನ್ನೂ ತಾನೇ ಕೊಟ್ಟು ಹೋದ.

ಮಂಗಳವಾರ ಅವಳು ಕೆಲಸದಿಂದ ಬೇಗ ಬಂದಳು. ಕಿಟಕಿಯಲ್ಲಿ ಇನ್ನೂ ಬೆಳಕಿತ್ತು. ಹದ್ದು ಎಡಗೈಯನ್ನು ತೊಡೆಯ ಮೇಲೆ ಅಂಗಾತ ಇಟ್ಟುಕೊಂಡು, ಬೇರೆಯವರ ಮನೆಯಿಂದ ತಂದು ಇನ್ನೂ ಹಿಂತಿರುಗಿಸದ ಪಾತ್ರೆಯಂತೆ ಅದನ್ನು ನೋಡುತ್ತ ಕೂತಿದ್ದ. ಅವಳು ಗೋಡೆ ಗಡಿಯಾರ ಇಳಿಸಿ ತಂದಳು. ಮೊದಲು ಆಟದ ನಿಮಿಷ ತೋರಿಸಿದಳು. ಆಮೇಲೆ ಫೆಬ್ರವರಿಯ ವಿಡಿಯೊ. ವಿವರಿಸುವ ಮುಂಚೆ ಅವನೇ ನೋಡಲಿ ಎಂದು ಸುಮ್ಮನಿದ್ದಳು.

ಅವನು ಒಂದೇ ಸಲ ನೋಡಿದ. ಮೂವತ್ತು ಅಡಿ ಎತ್ತರದಿಂದ ಹೊರೆಯ ತೂಗಾಟವನ್ನು ಕಣ್ಣಲ್ಲೇ ಅಳೆಯುತ್ತಿದ್ದವನಿಗೆ ಎರಡನೇ ಸಲ ಬೇಕಾಗಲಿಲ್ಲ.

"ಹಾಗಾದ್ರೆ ಭಾನುವಾರ ನನಗೇನೂ ಆಗಿಲ್ಲ."

"ಏನೂ ಆಗಿಲ್ಲ ರೀ. ಸ್ಕ್ಯಾನಿನವರು ಹೇಳಿದ್ದು ನಿಜ."

"ಫೆಬ್ರವರಿಯಲ್ಲೂ ಏನೂ ಆಗಿರಲಿಲ್ಲ."

ಅವಳು ಫ್ಯಾನಿನ ದೂಳು ತೆಗೆದದ್ದನ್ನೂ ಅದಕ್ಕೆ ಮುಂಚೆ ಬಿಸಿಗೆ ಯಂತ್ರ ನಿಧಾನವಾಗಿದ್ದದ್ದನ್ನೂ ಹೇಳಿದಳು. ಅವನು ಫೋನನ್ನು ಮೇಜಿನ ಮೇಲೆ ಬೋರಲು ಇಟ್ಟ. "ಕುಣಿಯಲಾರದವನು ನೆಲ ಡೊಂಕು ಅಂದನಂತೆ. ನನ್ನದು ಇನ್ನೂ ಚೆನ್ನಾಗಿದೆ. ನೆಲ ನನ್ನ ಕಡೆ ವಾಲಿತ್ತು, ನಾನು ಕುಣಿಯೋಕೆ ಬಂತು ಅಂತ ಊರಿಗೆಲ್ಲ ತೋರಿಸಿದೆ" ಎಂದ.

ಆಮೇಲೆ ಸಿಟ್ಟು ಬಂತು. ಯಂತ್ರಕ್ಕೆ ಕೈ ಹಾಕು ಎಂದು ನಿನಗೆ ಯಾರು ಹೇಳಿದರು ಎಂದ. ತೊಡೆ ಸುಟ್ಟರೆ ನನ್ನ ತೊಡೆ ಸುಡುತ್ತಿತ್ತು ಎಂದ. ಮೇಸ್ತ್ರಿಗೆ ಏನು ಹೇಳಲಿ, ದೂಳಿನ ದಯೆಯಿಂದ ವಾಸಿಯಾಗಿದ್ದೆ ಎಂದು ಹೇಳಲೇ ಎಂದ. ಅವಳು ಎಲ್ಲವನ್ನೂ ಕೇಳಿಸಿಕೊಂಡಳು. ಅಂಗಿಯ ಗುಂಡಿ ನೀವೇ ಹಾಕಿಕೊಳ್ಳುತ್ತಿದ್ದೀರಿ, ಮೆಟ್ಟಿಲು ನೀವೇ ಹತ್ತುತ್ತಿದ್ದೀರಿ, ಅದೆಲ್ಲ ಯಂತ್ರ ಕೊಟ್ಟದ್ದಲ್ಲ ಎಂದು ಹೇಳಲು ನೋಡಿದಳು. ಗುಂಡಿ ಹಾಕಿಕೊಳ್ಳುವವನನ್ನು ಕ್ರೇನಿಗೆ ಹತ್ತಿಸುತ್ತಾರೇನು ಎಂದು ಅವನು ಬಾಯಿ ಮುಚ್ಚಿಸಿದ.

ಬುಧವಾರ ಅವನು ಬೆಳಿಗ್ಗೆಯೇ ಲ್ಯಾಪ್‌ಟಾಪ್ ತೆರೆದ. ಆಡಿದ. ರಜೆ ಹಾಕಿದ್ದ ಅವಳು ಅಡುಗೆಮನೆಯಿಂದ ಕೀಲಿಗಳ ಸದ್ದು ಕೇಳಿಸಿಕೊಳ್ಳುತ್ತಿದ್ದಳು. ಬಲಗೈಯ ಸದ್ದು ಒಂದು ಬಗೆ, ಎಡಗೈಯದು ಇನ್ನೊಂದು ಬಗೆ. ಎಡಗೈಯದು ಪ್ರತಿ ಸಲ ಸ್ವಲ್ಪ ತಡವಾಗಿ, ತಡವಾದ ಸಿಟ್ಟಿಗೆ ಸ್ವಲ್ಪ ಜೋರಾಗಿ ಬರುತ್ತಿತ್ತು. ಅಡ್ಡ ನಿಂತು ನೋಡಿದರೆ ಕೋಪ ಬರುತ್ತದೆಂದು ಅವಳು ಹೊರಗೆ ಬರಲಿಲ್ಲ. ಹತ್ತಿಯ ಸುರುಳಿ ಔಷಧದ ಡಬ್ಬಿಯಲ್ಲೇ ಇತ್ತು. ಮಧ್ಯಾಹ್ನ ಅವನು ನಿದ್ದೆ ಹೋದಾಗ ಡಬ್ಬಿ ತೆರೆದು ಒಂದು ತುಂಡು ಹರಿದು, ಬೆರಳುಗಳ ನಡುವೆ ಉಂಡೆ ಮಾಡಿ, ಆ ಫ್ಯಾನಿನ ಬಾಯಿಗೆ ಎಷ್ಟು ಬೇಕಾದೀತು ಎಂದು ಅಂದಾಜು ಮಾಡಿದ್ದೂ ಉಂಟು. ಅಂದಾಜು ಸರಿಯಾಗಿಯೇ ಇತ್ತು. ಉಂಡೆಯನ್ನು ಮತ್ತೆ ಬಿಡಿಸಿ ಡಬ್ಬಿಯಲ್ಲಿಟ್ಟಳು.

ಗುರುವಾರ ಸಂಜೆ ದೋಣಿ ಐದನೇ ತಿರುವು ದಾಟಿತು. ಅಲ್ಲಿಂದ ಮುಂದೆ ಹೋಗಲಿಲ್ಲ. ಅವನು ಲ್ಯಾಪ್‌ಟಾಪ್ ಮುಚ್ಚಿ ಅವಳನ್ನು ಕರೆದು, ಶನಿವಾರ ಹೋಗುತ್ತೇನೆ ಎಂದ. ಆಟ ಹೇಳಿದ್ದನ್ನೇ ನಂಬಿ ಒಂದು ಸಲ ಕೆಟ್ಟಾಯಿತು, ಇನ್ನೊಂದು ಸಲ ಆಟದ ಮಾತು ಕೇಳಿ ಮನೆಯಲ್ಲಿ ಕೂರುವುದಿಲ್ಲ, ಕ್ರೇನೇ ಹೇಳಲಿ ಎಂದ. ಮೇಸ್ತ್ರಿಗೆ ಅವನೇ ಫೋನ್ ಮಾಡಿ ದೂಳಿನ ಕಥೆಯನ್ನು ಮುಚ್ಚುಮರೆಯಿಲ್ಲದೆ ಹೇಳಿದ. ಒಂದು ಷರತ್ತನ್ನೂ ಹಾಕಿದ. ಪರೀಕ್ಷೆಯ ಹೊತ್ತಿನಲ್ಲಿ ಹೊರೆಯ ಹಾದಿಯಲ್ಲಿ ಒಂದು ನಾಯಿಯೂ ಇರಕೂಡದು, ಸೀಟಿ ಅಂತೂ ಕೂಡದೇ ಕೂಡದು.

ಪರೀಕ್ಷೆ ಹೇಗೆ ಎಂದು ಅವಳು ಕೇಳಿದಳು. ಅವನು ಮೇಜಿನ ಮೇಲೆ ಬೆರಳಿನಿಂದ ಎರಡು ಗೆರೆ ಎಳೆದು ತೋರಿಸಿದ. ಕ್ರೇನ್ ಪೂರ್ತಿ ವೇಗದಲ್ಲಿ ಬರುತ್ತದೆ. ಹೊರೆ ಮೊದಲ ಗೆರೆಯ ಮೇಲೆ ಬಂದಾಗ ಮೇಸ್ತ್ರಿ ಸೀಟಿ ಊದುತ್ತಾನೆ. ಎರಡನೇ ಗೆರೆಯೊಳಗೆ ನಿಲ್ಲಿಸಬೇಕು. ದಾಟಿದರೂ ಒಂದು ಗೇಣಿನವರೆಗೆ ಮಾಫಿ. ಅದು ಗೋದಾಮಿನ ಹಳೆಯ ರೂಢಿ. ಟೇಪು ಹಿಡಿಯುವವರಿಲ್ಲ, ಯಾರಾದರೊಬ್ಬರು ಕೂತು ನೆಲಕ್ಕೆ ಕೈ ಹಾಸುತ್ತಾರೆ.

"ಯಾರ ಗೇಣು?" ಎಂದಳು.

"ಇಷ್ಟು ವರ್ಷ ಯಾರೂ ಕೇಳಿರಲಿಲ್ಲ ಮಾರಾಯ್ತಿ" ಎಂದ. ಎರಡು ದಿನದಲ್ಲಿ ಮೊದಲ ಸಲ ಅವನ ಮುಖ ಸಡಿಲವಾಯಿತು. ಇಪ್ಪತ್ಮೂರು ಸೆಂಟಿಮೀಟರ್ ಅಂತ ಇಟ್ಟುಕೋ ಎಂದ.

ಶನಿವಾರ ಬೆಳಿಗ್ಗೆ ಗೋದಾಮಿನಲ್ಲಿ ಕೆಲಸ ನಿಲ್ಲಿಸಿದ್ದರು. ಎಣ್ಣೆ ಸವರಿದ ಉಕ್ಕಿನ ಹಾಳೆಗಳ ಅಟ್ಟಿಗಳ ನಡುವೆ ಸಿಮೆಂಟಿನ ಹಾದಿ, ಅದರ ಮೇಲೆ ಸುಣ್ಣದ ಎರಡು ಗೆರೆ. ಹೊರೆಯಾಗಿ ಮರಳಿನ ಚೀಲಗಳ ಕಟ್ಟು, ಅದರ ತಳದ ನಡುವಿನಿಂದ ನೆಲಕ್ಕೆ ತಾಗಿಯೂ ತಾಗದ ಹಾಗೆ ಇಳಿಬಿಟ್ಟ, ತುದಿಗೆ ತೂಕ ಕಟ್ಟಿದ ಒಂದು ದಾರ. ಕೆಲಸಗಾರರು ಎರಡೂ ಬದಿಯಲ್ಲಿ ಹಗ್ಗದ ಹಿಂದೆ ನಿಂತಿದ್ದರು. ಹದ್ದಣ್ಣ, ಗೂಡಿನಲ್ಲಿ ಮೊಟ್ಟೆ ಇದ್ದರೆ ತುಳಿದೀಯ ಎಂದು ಒಬ್ಬ ಕೂಗಿದ. ಮೊಟ್ಟೆ ಒಡೆದು ನೀನು ಹುಟ್ಟಿದ್ದು ಅಲ್ಲವೇನೋ ಎಂದು ಹದ್ದು ಏಣಿಯ ಬುಡದಿಂದಲೇ ತಿರುಗಿಸಿ ಕೊಟ್ಟ. ನಗು ಎದ್ದಿತು. ಅವನು ಹತ್ತಿದ. ಪ್ರತಿ ಮೆಟ್ಟಿಲಿಗೂ ಎಡಗಾಲು ಮೊದಲು ಇಟ್ಟು, ಎಡಗೈ ಹಿಡಿದದ್ದನ್ನು ಕಣ್ಣಿನಿಂದ ಒಮ್ಮೆ ಖಚಿತ ಮಾಡಿಕೊಂಡು, ಮುಂದಕ್ಕೆ. ಅವಳು ಹಗ್ಗದ ಹಿಂದೆ ಕೈಚೀಲವನ್ನು ಎದೆಗವಚಿಕೊಂಡು ನಿಂತಿದ್ದಳು. ಗೂಡಿನ ಬಾಗಿಲು ಮುಚ್ಚಿದ ಸದ್ದಾದ ಮೇಲೆಯೇ ಚೀಲವನ್ನು ಹೆಗಲಿಗೆ ಹಾಕಿಕೊಂಡಳು.

ಮೊದಲು ಒಂದು ಸುತ್ತು ಅಭ್ಯಾಸಕ್ಕೆಂದು ಬಿಟ್ಟರು. ಅದು ಲೆಕ್ಕಕ್ಕಿಲ್ಲ. ಕ್ರೇನ್ ಗುಡುಗುತ್ತ ಬಂತು, ಸೀಟಿ ಕೇಳಿತು, ಹೊರೆ ಎರಡನೇ ಗೆರೆಗೆ ಇನ್ನೂ ಒಂದು ಹೆಜ್ಜೆ ಇರುವಂತೆ ನಿಂತಿತು. ತೂಗಾಟವೂ ಇರಲಿಲ್ಲ. ಕೆಲಸಗಾರರು ತಟ್ಟೆ ಬಡಿದಂತೆ ಉಕ್ಕಿನ ಹಾಳೆಗಳನ್ನು ಬಡಿದರು. ಸೀಟಿ ಅಕ್ಕನ ಕಡೆ ನೋಡಿ, ನೋಡಿದ್ಯಾ ಎಂಬಂತೆ ಹುಬ್ಬು ಹಾರಿಸಿದ. ಅವಳಿಗೂ ಒಂದು ಕ್ಷಣ, ತನ್ನ ಲೆಕ್ಕವೆಲ್ಲ ತಪ್ಪಿರಲಿ ಎಂದು ಆಸೆಯಾಯಿತು. ಅಂಥ ಆಸೆ ಅವಳಿಗೆ ಈ ಕೆಲಸ ಹಿಡಿದ ಮೇಲೆ ಎಂದೂ ಆಗಿರಲಿಲ್ಲ. ಆದರೆ ಮೇಸ್ತ್ರಿ ಸೀಟಿ ಊದುವ ಮುಂಚೆಯೇ ಗಂಡನ ಕೈ ಸನ್ನೆಗೋಲನ್ನು ಎಳೆಯತೊಡಗಿದ್ದು ಅವಳಿಗೆ ಗಾಜಿನೊಳಗೆ ಕಂಡಿತ್ತು. ಮೇಸ್ತ್ರಿಗೂ ಕಂಡಿರಬೇಕು. ಎರಡನೇ ಸಲಕ್ಕೆ ಅವನು ಗೂಡಿನಿಂದ ಕಾಣದ ಹಾಗೆ ಕಂಬದ ಹಿಂದೆ ಹೋಗಿ ನಿಂತ. ಹದ್ದು ಮುಂಚೆಯೇ ಅಂದಾಜು ಮಾಡದಿರಲೆಂದು ಇನ್ನೊಬ್ಬ ಮೊದಲ ಗೆರೆಗೆ ಮಣ್ಣೆರಚಿ ಅಳಿಸಿ ಸ್ವಲ್ಪ ಹಿಂದೆ ಹೊಸದು ಎಳೆದ. ಎರಡನೆಯದನ್ನೂ ಅಷ್ಟೇ ಹಿಂದಕ್ಕೆ ತಂದರು.

ಕ್ರೇನ್ ಬಂತು. ಹೊರೆ ಹೊಸ ಗೆರೆಯ ಮೇಲೆ ಬಂದಾಗ ಸೀಟಿ ಕೂಗಿತು. ಹೊರೆ ಬರುತ್ತಲೇ ಇತ್ತು. ಕಣ್ಣು ಮಿಟುಕಿಸುವಷ್ಟೇ ಹೊತ್ತು, ಆದರೆ ಅಷ್ಟು ಹೊತ್ತು ಕ್ರೇನಿಗೆ ಯಾರೂ ಏನೂ ಹೇಳಿರಲಿಲ್ಲ. ಆಮೇಲೆ ಚಕ್ರಗಳು ಕಿರುಚಿದವು. ಚೀಲಗಳ ಕಟ್ಟು ಎರಡನೇ ಗೆರೆ ದಾಟಿ, ಮುಂದೆ ಹೋಗಿ, ಹಿಂದೆ ಬಂದು, ಮೆಲ್ಲನೆ ತೂಗುತ್ತ ನಿಂತಿತು. ಈ ಸಲ ಯಾರೂ ಏನನ್ನೂ ಬಡಿಯಲಿಲ್ಲ.

ಸೀಟಿ ಹಗ್ಗದಡಿ ನುಸುಳಿ ಓಡಿದ. ಗೆರೆಯ ಮೇಲೆ ಕೂತು, ತನ್ನ ಉದ್ದನೆಯ ಬೆರಳುಗಳನ್ನು ಹರಿದುಹೋಗುವಷ್ಟು ಹಿಗ್ಗಿಸಿ ನೆಲಕ್ಕೆ ಹಾಸಿ, ತುದಿಬೆರಳಿನ ಆಚೆ ಉಳಿದದ್ದನ್ನು ಮೊಣಕಾಲಿನಿಂದ ಮರೆಮಾಡಿದ.

"ಒಂದೇ ಗೇಣು. ಸರಿಯಾಗಿ ಒಂದು ಗೇಣು" ಎಂದು ಕೂಗಿದ.

ಮೇಸ್ತ್ರಿ ಕಂಬದ ಹಿಂದಿನಿಂದ ಬಂದು, ನೆಲವನ್ನು ಬಿಟ್ಟು ಬೇರೆಲ್ಲ ಕಡೆ ನೋಡಿದ. ಕನ್ನಡಕ ಆಫೀಸಿನಲ್ಲಿ ಬಿಟ್ಟು ಬಂದೆ, ಸೀಟಿ ಗೇಣು ಅಂದಮೇಲೆ ಗೇಣೇ ಎಂದ. ಹಗ್ಗದ ಹಿಂದಿನವರಲ್ಲಿ ಒಬ್ಬಿಬ್ಬರು ತಲೆಯಾಡಿಸಿದರು. ಎಲ್ಲರಿಗೂ ಹದ್ದು ಬೇಕಿತ್ತು. ಮೇಲೆ ಗೂಡಿನ ಗಾಜು ಸರಿದು ಅವನ ತಲೆ ಹೊರಗೆ ಬಂತು.

"ಸೀಟಿ, ಏಳೋ ಅಲ್ಲಿಂದ. ನಿಮ್ಮಕ್ಕ ಅಳೀಲಿ."

"ಭಾವ, ನಾನು ಅಳೆದಾಯ್ತಲ್ಲ."

"ನೀನು ನಂಟಸ್ತಿಕೆ ಅಳೆದೆ. ಅವಳು ಅಳೀಲಿ."

ಅವಳು ಹಗ್ಗ ದಾಟಿದಳು. ತಮ್ಮ ಏಳಲಿಲ್ಲ. ಅವಳು ಅವನ ಹೆಗಲ ಮೇಲೆ ಕೈಯಿಟ್ಟಳು. ಅವನು ಅವಳ ಮುಖ ನೋಡದೆ ಮೊಣಕಾಲು ಎತ್ತಿದ. ಒಬ್ಬ ಫಿಟ್ಟರ್ ತನ್ನ ಸೊಂಟದಿಂದ ಟೇಪು ಬಿಚ್ಚಿ ಕೊಟ್ಟ. ದಾರದ ತೂಕ ಇನ್ನೂ ತೂಗುತ್ತಿತ್ತು. ಅದು ಪೂರ್ತಿ ನಿಲ್ಲುವವರೆಗೆ ಅವಳು ಕಾದಳು. ನಿಂತ ಮೇಲೆ ಟೇಪಿನ ತುದಿಯನ್ನು ಗೆರೆಯ ಹೊರ ಅಂಚಿಗೆ ಕೂಡಿಸಿ, ಇನ್ನೊಂದು ತುದಿಯನ್ನು ದಾರದವರೆಗೆ ಎಳೆದು, ಓರೆಯಾಗಿ ನೋಡಿದರೆ ಅಂಕಿ ತಪ್ಪುತ್ತದೆಂದು ಕೆನ್ನೆ ನೆಲಕ್ಕೆ ತಾಗುವಷ್ಟು ಬಗ್ಗಿ ಓದಿದಳು. ಮತ್ತೊಮ್ಮೆ ಓದಿದಳು. ಎದ್ದು ನಿಂತು, ಮೇಲೆ ಕೇಳಿಸಲೆಂದು ಬಾಯಿಗೆ ಎರಡೂ ಕೈ ಅಡ್ಡ ಹಿಡಿದಳು.

"ಮೂವತ್ತೊಂದು ಸೆಂಟಿಮೀಟರ್."